ಅಳಂದೆಯ ಏಕಾಂತದ ರಾಮಯ್ಯ: ಶಿಲಾಲೇಖವೂ ಪುರಾಣವೂ

ಆಳಂದ, ಅಫಜಲಪುರ, ಜೇವರ್ಗಿಗಳ ಸೀಮೆಯು ಭಕ್ತರ ವಿಷಯದಲ್ಲಿ ದರಿದ್ರವಾದುದಲ್ಲ. ಭೀಮಾ ಅಮರಜಾ ಸಂಗಮದ ಗಾಣಗಾಪುರವನ್ನೂ, ಜೇವರ್ಗಿಯ ಷಣ್ಮುಖಸ್ವಾಮಿಯ ವಚನಗಳನ್ನೂ, ಆಳಂದದ ಲಾಡ್ಲೆ ಮಶಾಯಕರ ದರ್ಗಾವನ್ನೂ ಅರಿಯದವರು ಇಲ್ಲಿ ವಿರಳ. ಆದರೆ ಆಳಂದವು ಅಳಂದೆಯೆನಿಸಿಕೊಂಡಿದ್ದ 12ನೆಯ ಶತಮಾನದಲ್ಲಿ ಅಲ್ಲಿ ಹುಟ್ಟಿ, ತುಂಗಭದ್ರೆಯ ಕಡೆಯ ಅಬ್ಬಲೂರಿನಲ್ಲಿ ಹೆಸರಾದ ಏಕಾಂತದ ರಾಮಯ್ಯನನ್ನು ಅವನ ಹುಟ್ಟುನಾಡಿನವರು ನೆನೆಯುವುದು ಕಡಮೆ. ನೆನೆದರೂ ಪುರಾಣದ ರಾಮಯ್ಯನನ್ನು ನೆನೆವರೇ ಹೊರತು ಶಾಸನದ ರಾಮಯ್ಯನನ್ನಲ್ಲ. ಇವರೀರ್ವರಿಗೂ ಇರುವ ಅಂತರವು ವಿಚಾರಾರ್ಹವಾದುದು.

ಅಬ್ಬಲೂರಿನ ಸೋಮೇಶ್ವರಾಲಯದ ಶಾಸನವು ಸುಮಾರು 1200ರ ಕಾಲದ್ದು. ಫ್ಲೀಟ್ ಸಾಹೇಬರು ಇದನ್ನು ಎಪಿಗ್ರಾಫಿಯಾ ಇಂಡಿಕಾದ 5ನೆಯ ಸಂಪುಟದಲ್ಲಿ ಪ್ರಕಟಿಸಿದರು. ಅದರಂತೆ ರಾಮಯ್ಯನು ಅಳಂದೆಯ ಶೈವಬ್ರಾಹ್ಮಣ ಪುರುಷೋತ್ತಮಭಟ್ಟನಿಗೂ ಪದ್ಮಾಂಬಿಕೆಗೂ ಶಿವವರದಿಂದ ಜನಿಸಿದವನು, ವೀರಭದ್ರಾಂಶಸಂಭೂತನು. ಕ್ಷೇತ್ರಯಾತ್ರೆಯನ್ನು ಮಾಡುತ್ತ ಪುಲಿಗೆರೆಯ ಸೋಮನಾಥನ ಸನ್ನಿಧಿಗೆ ಬಂದು, ದೇವನ ಅಪ್ಪಣೆಯಿಂದ ಅಬ್ಬಲೂರಿಗೆ ತೆರಳಿದನು. ಅಲ್ಲಿ ಸಂಕಗಾವುಂಡನೇ ಮೊದಲಾದ ಜೈನರೊಡನೆ ವಾದವು ಬೆಳೆಯಿತು. ತಲೆಯನ್ನು ಅರಿದು ಶಿವನಿಗರ್ಪಿಸಿ ಮರಳಿ ಪಡೆದರೆ ಜಿನನನ್ನು ತೆಗೆದು ಶಿವನನ್ನು ನಿಲಿಸುವೆವೆಂದು ಅವರು ಓಲೆಯನ್ನು ಬರೆದುಕೊಟ್ಟರು. ರಾಮಯ್ಯನು ಶಿರವನ್ನು ಅರಿದಿತ್ತನು. ಏಳು ದಿನಗಳ ಮೇಲೆ ಅದು ಮರಳಿ ಬಂದಿತು. ಪ್ರತಿಪಕ್ಷದವರು ಮಾತಿಗೆ ತಪ್ಪಲು ಅವನೇ ಜಿನಬಿಂಬವನ್ನು ಒಡೆದನು. ದೂರು ಬಿಜ್ಜಳನ ಆಸ್ಥಾನಕ್ಕೆ ಹೋಯಿತು. ಅಲ್ಲಿ ರಾಮಯ್ಯನು ಓಲೆಯನ್ನು ತೋರಿಸಿ, ಮತ್ತೊಮ್ಮೆ ತಲೆಯನ್ನು ಪಣಕ್ಕೊಡ್ಡುವೆನು, ಅವರು ತಮ್ಮ ಬಸದಿಗಳನ್ನು ಒಡ್ಡಲಿ ಎಂದನು. ಪುಲಿಗೆರೆಯ ಆನೆಸೆಜ್ಜೆಯ ಬಸದಿಯ ಹೆಸರೂ ಆ ಮಾತಿನಲ್ಲಿ ಬರುತ್ತದೆ. ಜೈನರು ಹಿಂಜರಿದರು, ಅರಸನು ಜಯಪತ್ರವನ್ನಿತ್ತನು.

ಈ ಕಥನದಲ್ಲಿ ವಿಮರ್ಶಕನ ಕಣ್ಣನ್ನು ಸೆಳೆಯತಕ್ಕುದು ತಲೆಯಲ್ಲ, ಓಲೆ. ಪವಾಡವನ್ನು ಹೇಳುವ ಕವಿಗಳು ಎಷ್ಟೋ ಮಂದಿ ಇದ್ದಾರೆ; ಪವಾಡಕ್ಕೆ ಕರಾರುಪತ್ರವನ್ನು ಬರೆಯಿಸಿಕೊಂಡು, ಅದನ್ನು ರಾಜಸಭೆಯಲ್ಲಿ ಸಾಕ್ಷ್ಯವಾಗಿ ಹಾಜರುಪಡಿಸುವ ಭಕ್ತನು ಅಪೂರ್ವ. ಶಾಸನಕಾರನು ದಾನಭೂಮಿಯ ಹಕ್ಕನ್ನು ಸ್ಥಾಪಿಸಲು ಕುಳಿತವನು, ಆದುದರಿಂದ ಅವನ ರಸವು ವೀರವೇ ಆದರೂ ಅವನ ಬುದ್ಧಿಯು ವ್ಯವಹಾರಶಾಸ್ತ್ರದ್ದು.

'ಏಕಾಂತದ' ಎಂಬ ವಿಶೇಷಣವನ್ನು ಕೆಲವರು 'ಏಕಾಂತವಾಸಿ'ಯೆಂದು ಅರ್ಥಮಾಡುವುದುಂಟು. ಅದು ಸಲ್ಲದು. ಏಕ ಏವ ಅಂತಃ, ಅಂದರೆ ಒಂದೇ ನಿಶ್ಚಯ; ಶಿವನೊಬ್ಬನಲ್ಲದೆ ಅನ್ಯವನ್ನು ಒಲ್ಲೆನೆಂಬ ನಿಷ್ಠೆಯೇ ಇಲ್ಲಿ ವಿವಕ್ಷಿತ. ಈ ರಾಮಯ್ಯನು ಎದುರಿಸಿದವರೋ ಅನೇಕಾಂತವಾದಿಗಳು! ವಸ್ತುವು ಅನೇಕಧರ್ಮಾತ್ಮಕವಾದುದು, ಏಕಾಂತಗ್ರಹವೇ ದೋಷವೆಂಬುದು ಜೈನತರ್ಕದ ತಿರುಳು. ಅಬ್ಬಲೂರಿನ ಜಗಳದಲ್ಲಿ ಎರಡು ದರ್ಶನಗಳ ಈ ವಿರೋಧವು ಒಬ್ಬ ಮನುಷ್ಯನ ಬಿರುದಿನಲ್ಲಿಯೇ ಅಡಗಿದೆ. ಶಾಸನಕಾರನು ಇದನ್ನು ಉದ್ದೇಶಿಸಿಯೇ ಇಟ್ಟನೆಂದು ಹೇಳುವುದು ಅತಿಯಾದೀತು. ಆದರೂ ಓದುವವನು ಇದನ್ನು ಬಿಡಲಾಗದು.

ಇನ್ನು ಕಾಲದ ಮಾತು. ಬಿಜ್ಜಳನು ಚಾಲುಕ್ಯರ ಮಾಂಡಲಿಕನಾಗಿದ್ದು ಒಡೆಯನ ಸಿಂಹಾಸನವನ್ನು ಅಪಹರಿಸಿ 1162ರಲ್ಲಿ ಸ್ವತಂತ್ರನೆಂದು ಸಾರಿಕೊಂಡವನು. 1167ರಲ್ಲಿ ಅವನ ಆಳಿಕೆಯು ಮುಗಿಯಿತು. 1180ರ ದಶಕದಲ್ಲಿ ನಾಲ್ವಡಿ ಸೋಮೇಶ್ವರನು ಚಾಲುಕ್ಯಪಟ್ಟವನ್ನು ಮರಳಿ ಏರಿದನು. ಈ ಎರಡು ಪಲ್ಲಟಗಳೂ ಒಂದೇ ಕಲ್ಲಿನಲ್ಲಿವೆ. ಬಿಜ್ಜಳನು ಗೋಗಾವೆಯನ್ನು ಕೊಟ್ಟನು. ಅವನ ವಂಶದ ವೈರಿಯಾದ ಸೋಮೇಶ್ವರನು ಅಬ್ಬಲೂರನ್ನೇ ಕೊಟ್ಟನು. ಹಾನಗಲ್ಲಿನ ಕದಂಬ ಕಾಮದೇವನು ಮುಂಡಗೋಡಿನ ಬಳಿಯ ಮಲ್ಲವಳ್ಳಿಯನ್ನು ಕೊಟ್ಟನು. ರಾಜ್ಯವನ್ನು ಕಸಿದವನೂ ಮರಳಿ ಪಡೆದವನೂ ಒಬ್ಬನೇ ತಪಸ್ವಿಗೆ ಕೈಮುಗಿದರೆಂದಾಯಿತು. ಅದೇ ಕ್ರಾಂತಿಯಲ್ಲಿ ಹರಳಯ್ಯ, ಮಧುವಯ್ಯರ ಗತಿ ಏನಾಯಿತು? ಪಾಲ್ಕುರಿಕೆ ಸೋಮನಾಥನ ತೆಲುಗು ಬಸವಪುರಾಣದಲ್ಲಿ ಅರಸನು ಅವರ ಕಣ್ಣುಗಳನ್ನು ಕೀಳಿಸುತ್ತಾನೆ. ಮುಂದಿನ ಪರಂಪರೆಯಲ್ಲಿ ಅವರು ಆನೆಯ ಕಾಲಿಗೆ ಕಟ್ಟಿಸಿಕೊಂಡು ಸಾಯುತ್ತಾರೆ. ಕಥೆಯು ಕೈಯಿಂದ ಕೈಗೆ ಹೋದಂತೆ ಬಲಿಯು ಹಿರಿದಾಗುತ್ತ ಹೋಯಿತು.

ತಲೆಯನ್ನು ಕೊಟ್ಟ ಧರ್ಮಪುರುಷರ ಚರಿತ್ರೆಯು ಹೀಗೆ ಬೆಳೆಯುವುದು ಈ ದೇಶದಲ್ಲಿ ಮಾತ್ರವಲ್ಲ. ಪ್ಯಾರಿಸ್ ನಗರದ ಪ್ರಥಮ ಬಿಷಪ್ಪನಾದ ದೆನಿಯು 3ನೆಯ ಶತಮಾನದಲ್ಲಿ ಶಿರಚ್ಛೇದಕ್ಕೆ ಒಳಗಾದನು. ಅವನು ತನ್ನ ತಲೆಯನ್ನು ತಾನೇ ಕೈಯಲ್ಲಿ ಹಿಡಿದು ನಡೆದನೆಂಬ ಐತಿಹ್ಯವನ್ನು ಅವನ ಹೆಸರಿನ ಮಠವು ಹಲವು ಶತಮಾನಗಳ ಕಾಲ ಪೋಷಿಸಿತು. ಅದೇ ಪೀಠವನ್ನೇರಿದ ಆರ್ಚ್‌ಬಿಷಪ್ ದಾರ್ಬ್ವಾ 1871ರ ಪ್ಯಾರಿಸ್ ಕ್ರಾಂತಿಯಲ್ಲಿ ಒತ್ತೆಯಾಳಾಗಿ ಸೆರೆಬಿದ್ದು, ಕ್ರಾಂತಿಕಾರಿ ಬ್ಲಾಂಕಿಗೆ ಪ್ರತಿಯಾಗಿ ಅವರನ್ನು ಬಿಡಿಸಿಕೊಳ್ಳಲು ತಿಯೇರನ ಸರಕಾರವು ಒಪ್ಪದೆ ಹೋದುದರಿಂದ, ಮೇ 24ರಂದು ಲಾ ರೋಕೆತ್ ಸೆರೆಮನೆಯಲ್ಲಿ ಗುಂಡಿಗೆ ಬಲಿಯಾದರು. ಇಲ್ಲಿ ಪವಾಡವಿಲ್ಲ, ದಿನಾಂಕಗಳಿವೆ, ಪತ್ರಗಳಿವೆ, ಎರಡೂ ಪಕ್ಷಗಳ ತಪ್ಪುಗಳಿವೆ. ದಾರ್ಬ್ವಾ ಅವರ ಚರಿತ್ರೆಯನ್ನು ಓದಿದವನಿಗೆ ಕರುಣೆಯುಂಟಾಗುತ್ತದೆ. ದೆನಿಯ ಚರಿತ್ರೆಯನ್ನು ಓದಿದವನಿಗೆ ವಿಸ್ಮಯವುಂಟಾಗುತ್ತದೆ. ರಾಮಯ್ಯನ ಶಾಸನವು ಇವೆರಡರ ನಡುವೆ ನಿಂತಿದೆ: ಶಿರವು ದೆನಿಯದು, ಓಲೆಯೂ ದಾನಪತ್ರವೂ ದಾರ್ಬ್ವಾ ಕಾಲಕ್ಕೆ ಸಲ್ಲುವಂಥವು.

ಫ್ಲೀಟರು ಈ ಶಾಸನದಲ್ಲಿ ಬಸವಣ್ಣನ ಹೆಸರು ಇಲ್ಲದುದನ್ನು ಕಂಡು, ವೀರಶೈವದ ನಿಜವಾದ ಪ್ರವರ್ತಕನು ಈ ರಾಮಯ್ಯನೇ ಇರಬೇಕೆಂದು ಊಹಿಸಿದರು. ಪಂಡಿತರಾದರೂ ಇಲ್ಲಿ ಎಡವಿದರು. ಒಂದು ಊರಿನ ದಾನಶಾಸನವು ಮೌನವಾಗಿದ್ದಮಾತ್ರಕ್ಕೆ ಒಬ್ಬ ಮಹಾಪುರುಷನು ಇಲ್ಲದಾಗುವುದಿಲ್ಲ. 1260ರ ಅರ್ಜುನವಾಡದ ಶಾಸನದಲ್ಲಿ ಬಸವಣ್ಣನ ಉಲ್ಲೇಖವು ದೊರೆತ ಬಳಿಕ ಆ ಊಹೆಗೆ ಬಲವಿಲ್ಲದಂತಾಯಿತು. ಪುರಾಣಕಾರರ ತಪ್ಪು ಇದಕ್ಕೆ ವಿಪರೀತವಾದುದು. ಶಾಸನವು ಬೇರೆಯಾಗಿ ನಿಲ್ಲಿಸಿದ ಅಳಂದೆಯವನನ್ನು ಅವರು ಬಸವನ ಪರಿವಾರದಲ್ಲಿ ಒಬ್ಬನನ್ನಾಗಿ ಮಾಡಿಕೊಂಡರು. ಹರಿಹರನು ಅವನಿಗೆ ಪ್ರತ್ಯೇಕವಾಗಿ ಒಂದು ರಗಳೆಯನ್ನೇ ಮೀಸಲಿಟ್ಟನೆಂಬುದು ಇದಕ್ಕೆ ಸ್ವಲ್ಪ ಸಮಾಧಾನ.

ಭಕ್ತಿಯಿಂದ ಓದುವವರಿಗೆ ರುಚಿಸದ ಒಂದು ಮಾತನ್ನೂ ಇಲ್ಲಿ ಹೇಳಬೇಕಾಗಿದೆ. ಈ ಚರಿತ್ರೆಯಲ್ಲಿ ನಿಜವಾಗಿ ಮುರಿದುದು ರಾಮಯ್ಯನ ಕೊರಳಲ್ಲ, ಜಿನಬಿಂಬ. ಕೊರಳು ಏಳು ದಿನಗಳಲ್ಲಿ ಕೂಡಿತೆಂದು ಶಾಸನವೇ ಹೇಳುತ್ತದೆ. ಬಿಂಬವು ಕೂಡಿತೆಂದು ಯಾರೂ ಹೇಳಿಲ್ಲ. ದೇವಾಲಯದ ಶಿಲ್ಪಫಲಕಗಳಲ್ಲಿ ಈ ಪ್ರಸಂಗವನ್ನೇ ಕಂಡರಿಸಿ, ಅಡಿಯಲ್ಲಿ ಸಣ್ಣ ಬರೆಹಗಳನ್ನು ಕೊರೆದಿದ್ದಾರೆ. ಅಲ್ಲಿಯೂ ಗೆದ್ದವನ ಮಾತೇ. ಓಲೆಯನ್ನು ಬರೆದುಕೊಟ್ಟ ಸಂಕಗಾವುಂಡನು ತನ್ನ ಮನೆಯವರಿಗೆ ಏನೆಂದು ಹೇಳಿಕೊಂಡನೋ ಅದನ್ನು ಯಾವ ಕಲ್ಲೂ ಉಳಿಸಿಲ್ಲ. ಮಾನ್ಯಖೇಟವು ದೂರವಲ್ಲದ ಈ ಸೀಮೆಯಲ್ಲಿ, ಜೈನಕವಿಗಳಿಂದಲೇ ಕನ್ನಡವನ್ನು ಕಲಿತ ಜನರು, ರಾಮಯ್ಯನನ್ನು ತಮ್ಮವನೆಂದು ಹೆಮ್ಮೆಪಡುವಾಗ ಸಂಕಗಾವುಂಡನನ್ನೂ ತಮ್ಮವನೆಂದು ಎಣಿಸಬೇಕಾಗುತ್ತದೆ.

ಹರಿಹರನ ರಗಳೆಯನ್ನೂ ಅಬ್ಬಲೂರಿನ ಶಾಸನವನ್ನೂ ಎದುರುಬದುರು ಪುಟಗಳಲ್ಲಿ ಅಚ್ಚುಮಾಡಿ, ಕಠಿಣಪದಗಳಿಗೆ ಅರ್ಥವನ್ನು ಕೊಟ್ಟು, ಆಳಂದದ ಶಾಲೆಗಳ ಮೇಲಿನ ತರಗತಿಗಳಿಗೆ ಒದಗಿಸಿದರೆ ಚೆನ್ನು. ಖರ್ಚು ಹೆಚ್ಚಿನದಲ್ಲ, ಐವತ್ತು ಪುಟಗಳ ಪುಸ್ತಕವಾದೀತು.