ರಕ್ಷಣೆಯ ಕಥೆ ಮತ್ತು ಆದೋನಿಯ ಮೌನ: ಅನೂಪಸಿಂಹನ ಗ್ರಂಥಸಂಗ್ರಹವನ್ನು ಕುರಿತು

ಭಾರತದ ಹಸ್ತಪ್ರತಿ ಸಂಗ್ರಾಹಕರಲ್ಲಿ ಬಿಕಾನೇರಿನ ಮಹಾರಾಜ ಅನೂಪಸಿಂಹನ (1638–1698) ಹೆಸರು ದೊಡ್ಡದು. ಅನೂಪ ಸಂಸ್ಕೃತ ಗ್ರಂಥಾಲಯ ಇಂದಿಗೂ ಅವನ ಹೆಸರನ್ನೇ ಹೊತ್ತಿದೆ. ಅದರ ಸಂಸ್ಕೃತ ಪ್ರತಿಗಳ ಸೂಚಿಯನ್ನು ರಾಜೇಂದ್ರಲಾಲ ಮಿತ್ರರು 1880ರಲ್ಲಿ ಹೊರತಂದರು. 1940ರ ದಶಕದಲ್ಲಿ ಕುಞ್ಞನ್ ರಾಜಾ ಮತ್ತು ಮಾಧವ ಕೃಷ್ಣ ಶರ್ಮ ಅದನ್ನು ವಿಸ್ತರಿಸಿದರು. ಈ ಸಂಗ್ರಾಹಕ ತೀರಿಕೊಂಡದ್ದು ಮರುಭೂಮಿಯ ತನ್ನ ರಾಜಧಾನಿಯಲ್ಲಲ್ಲ, ಔರಂಗಜೇಬನ ಅಧಿಕಾರಿಯಾಗಿ ನೆಲೆಸಿದ್ದ ನಮ್ಮ ಆದೋನಿಯಲ್ಲಿ. ಆದರೂ ಅವನ ಗ್ರಂಥಪ್ರೇಮವನ್ನು ಕೊಂಡಾಡುವ ಬರಹಗಳಲ್ಲಿ ಆದೋನಿ ಒಂದು ಯುದ್ಧರಂಗವಷ್ಟೇ. ಪುಸ್ತಕಗಳಿದ್ದ, ಓದುವ ಜನರಿದ್ದ ಊರಾಗಿ ಅದು ಕಾಣಿಸಿಕೊಳ್ಳುವುದಿಲ್ಲ.

ಈ ಬರಹಗಳ ಮೂಲಕಥೆ ಪ್ರಸಿದ್ಧವಾದುದು. ಗೌರೀಶಂಕರ ಹೀರಾಚಂದ ಓಝಾರಂಥ ಇತಿಹಾಸಕಾರರೂ ಅದನ್ನು ನಿರೂಪಿಸಿದ್ದಾರೆ. ಮೊಗಲ್ ದಾಳಿಗೆ ಹೆದರಿದ ದಕ್ಷಿಣದ ಬ್ರಾಹ್ಮಣರು ತಮ್ಮ ಗ್ರಂಥಗಳನ್ನು ನದಿಗೆ ಎಸೆಯತೊಡಗಿದರು. ಅನೂಪಸಿಂಹ ಹಣ ಕೊಟ್ಟು ಅವನ್ನು ಕೊಂಡು ಬಿಕಾನೇರಿಗೆ ಕಳುಹಿಸಿದ. ಅಲ್ಲಿನ ಕೋಟೆಯ ಮೂವತ್ತಮೂರು ಕೋಟಿ ದೇವತೆಗಳ ಗುಡಿಯಲ್ಲಿರುವ ಲೋಹವಿಗ್ರಹಗಳ ಬಗೆಗೂ ಇಂಥದೇ ಕಥೆಯಿದೆ. ಇದರಲ್ಲಿ ಸಂಗ್ರಾಹಕನಿಗೆ ಹೆಸರಿದೆ, ಹಣವಿದೆ, ವಿವೇಕವಿದೆ. ಮಾರಿದವನಿಗೆ ಇರುವುದು ಭಯವೊಂದೇ. ಅವನಿಗೆ ಹೆಸರಿಲ್ಲ, ಊರಿಲ್ಲ, ಭಾಷೆಯಿಲ್ಲ.

ಆದೋನಿ ಸೀಮೆಯ ಮಟ್ಟಿಗೆ ಈ ಕಥೆಯನ್ನು ಹಾಗೆಯೇ ಒಪ್ಪುವುದು ಕಷ್ಟ. ಮೊಗಲರಿಗಿಂತ ಮುಂಚೆ ಕೋಟೆಯನ್ನು ಆಳಿದವನು ಬಿಜಾಪುರದ ಸಿದ್ದಿ ಮಸೂದ್ ಖಾನ್. ಊರಿನ ಜಾಮಿಯಾ ಮಸೀದಿ ಅವನು ಕಟ್ಟಿಸಿದ್ದು. ಆದೋನಿಗೆ ಉತ್ತರದಲ್ಲಿ, ತುಂಗಭದ್ರೆಯ ದಂಡೆಯ ಮಂಚಾಲೆಯಲ್ಲಿ, ರಾಘವೇಂದ್ರತೀರ್ಥರು 1671ರಲ್ಲಿ ಬೃಂದಾವನಸ್ಥರಾದರು. ಆ ಗ್ರಾಮವನ್ನು ಮಠಕ್ಕೆ ಕೊಟ್ಟವನು ಇದೇ ಮಸೂದ್ ಖಾನನೆಂದು ಮಠದ ಪರಂಪರೆಯೇ ಹೇಳುತ್ತದೆ. ಅಂದರೆ ಸಂಸ್ಕೃತ ವ್ಯಾಖ್ಯಾನಗಳ ಬರವಣಿಗೆಗೂ ಕನ್ನಡದ ದಾಸಪರಂಪರೆಗೂ ಆಸರೆಯಾದ ವಿದ್ಯಾಕೇಂದ್ರವೊಂದು ಮುಸ್ಲಿಂ ಅಧಿಕಾರಿಯ ಸೀಮೆಯಲ್ಲಿ ನೆಲೆಗೊಂಡಿತ್ತು. ಹೊಳೆಗೆ ಗ್ರಂಥ ಎಸೆಯುವ ಚಿತ್ರ ಎಷ್ಟು ನಾಟಕೀಯವಾಗಿದ್ದರೂ ಅದೇ ಹೊಳೆಯ ದಂಡೆಯ ಈ ನೆನಪು ಅದಕ್ಕೆ ಎದುರುಸಾಕ್ಷಿ.

ಎರಡನೆಯ ಸಾಕ್ಷಿ ಬಿಕಾನೇರಿನಿಂದಲೇ ಬರುತ್ತದೆ. 1688ರಲ್ಲಿ ಮಸೂದ್ ಖಾನ್ ಕೋಟೆಯನ್ನು ಒಪ್ಪಿಸಿದ. ಶತ್ರುಗಳ ಫಿರಂಗಿ ಮಸೀದಿಯತ್ತ ತಿರುಗಿದಾಗ ಅದನ್ನು ಉಳಿಸಲೆಂದೇ ಶರಣಾದನೆಂಬ ಐತಿಹ್ಯ ಬಳ್ಳಾರಿ ಗೆಜೆಟಿಯರಿನ ಮೂಲಕ ನಮಗೆ ಪರಿಚಿತ. ಆದೋನಿಯ ಗೆಲುವಿನಲ್ಲಿ ದೊರೆತವು ಎಂಬ ನಾಗರಿ ಬರಹ ಹೊತ್ತ ಆಯುಧ-ಕವಚಗಳು ಬಿಕಾನೇರಿನ ಆಯುಧಶಾಲೆಯಲ್ಲಿದ್ದವು. ಅಂಥದೊಂದು ಕವಚ ಈಗ ನ್ಯೂಯಾರ್ಕಿನ ಮೆಟ್ರೊಪಾಲಿಟನ್ ಮ್ಯೂಸಿಯಮ್ಮಿನಲ್ಲಿದೆ. ಕವಚದ ವಿಷಯದಲ್ಲಿ 'ಗೆಲುವು' ಎಂದು ಮುಚ್ಚುಮರೆಯಿಲ್ಲದೆ ಬರೆದುಕೊಂಡ ಅರಮನೆಯ ಪರವಾಗಿ, ಗ್ರಂಥದ ವಿಷಯ ಬಂದಾಗ 'ರಕ್ಷಣೆ' ಎಂದು ನಾವೇ ಬರೆಯುತ್ತಿದ್ದೇವೆ.

ಹಣದ ಪ್ರಶ್ನೆಯೂ ಇದೆ. ಮನ್ಸಬ್ದಾರನ ಸಂಬಳ ಜಾಗೀರುಗಳ ಕಂದಾಯದಿಂದ ಬರುತ್ತಿತ್ತು. ಸಂಗ್ರಾಹಕನ ಔದಾರ್ಯವೆಂದು ನಾವು ಹೊಗಳುವುದರ ಹಿಂದೆ ಉಳುವವನ ತೆರಿಗೆಯಿದೆ. ಸಂಗ್ರಾಹಕರ ಜೀವನಚರಿತ್ರೆಗಳು ಸಾಮಾನ್ಯವಾಗಿ ಈ ಪುಟವನ್ನು ಮಗುಚಿ ಮುಂದೆ ಹೋಗುತ್ತವೆ.

ಇದರಿಂದ ಅನೂಪಸಿಂಹನ ವಿದ್ಯಾಭಿಮಾನ ಸುಳ್ಳಾಗುವುದಿಲ್ಲ. ಅವನದು ಬರಿಯ ಶೇಖರಣೆಯಾಗಿರಲಿಲ್ಲ. ಅವನ ಆಶ್ರಯದಲ್ಲಿ ಭಾವಭಟ್ಟ 'ಅನೂಪಸಂಗೀತವಿಲಾಸ', 'ಅನೂಪಸಂಗೀತರತ್ನಾಕರ', 'ಅನೂಪಸಂಗೀತಾಂಕುಶ'ಗಳನ್ನು ರಚಿಸಿದ. ಕಾಶಿಯ ಕವೀಂದ್ರಾಚಾರ್ಯ ಸರಸ್ವತಿಯ ಭಂಡಾರದ ಹಲವು ಪ್ರತಿಗಳು ಚದುರಿಹೋಗದೆ ಉಳಿದದ್ದೂ ಬಿಕಾನೇರಿನಲ್ಲಿಯೇ. ಆದರೆ ಉಳಿಸುವುದು ಒಂದು ಕೆಲಸ, ಯಾರದೆಂದು ಬರೆದಿಡುವುದು ಇನ್ನೊಂದು. ಮೊದಲನೆಯದು ನಡೆಯಿತೆಂಬ ಕಾರಣಕ್ಕೆ ಎರಡನೆಯದನ್ನು ಮನ್ನಿಸಲಾಗದು.

ಹೋಲಿಕೆಗೆ ಇದೇ ನೆಲದ ಇನ್ನೊಂದು ಸಂಗ್ರಹವಿದೆ. 1800ರಲ್ಲಿ ದತ್ತಮಂಡಲಗಳು ಕಂಪನಿಯ ವಶವಾದ ಮೇಲೆ ಕಾಲಿನ್ ಮೆಕೆಂಜಿಯ ಸಹಾಯಕರು ಇಲ್ಲಿನ ಊರುಗಳ ಕೈಫಿಯತ್ತುಗಳನ್ನು ಬರೆಸಿಕೊಂಡರು. ಅದೂ ಅಧಿಕಾರದ ಕೆಲಸವೇ. ಆದರೂ ಎಚ್. ಎಚ್. ವಿಲ್ಸನ್ನರ 1828ರ ಸೂಚಿಯಲ್ಲಿ ಕನ್ನಡ, ತೆಲುಗು ಎಂಬ ಭಾಷಾವಿಭಾಗಗಳಿವೆ. ಊರ ಹೆಸರು ಉಳಿದಿರುವುದರಿಂದ ಕೈಫಿಯತ್ತನ್ನು ಅದರ ಊರಿಗೆ ಮರಳಿಸಿ ಓದಬಹುದು.

1953ರಲ್ಲಿ ಬಳ್ಳಾರಿ ಜಿಲ್ಲೆಯಿಂದ ಬೇರ್ಪಟ್ಟು ಆಂಧ್ರಕ್ಕೆ ಸೇರಿದ ಆದೋನಿ, ಆಲೂರು ತಾಲ್ಲೂಕುಗಳ ಕನ್ನಡಿಗರಿಗೆ ಇದು ದೂರದ ವಿಷಯವಲ್ಲ. ತಮ್ಮ ಊರನ್ನು ಬೇರೆಯವರ ಚರಿತ್ರೆಯ ಅಡಿಟಿಪ್ಪಣಿಯಾಗಿ ಓದುವುದು ಅವರಿಗೆ ರೂಢಿಯಾಗಿದೆ. ಆಗಬೇಕಾದ ಕೆಲಸ ಸರಳವಾದುದು, ಆದರೆ ದೀರ್ಘವಾದುದು: ಬಿಕಾನೇರಿನ ಪ್ರತಿಗಳ ಪುಷ್ಪಿಕೆಗಳನ್ನು ಒಂದೊಂದಾಗಿ ನೋಡಿ ಲಿಪಿಕಾರನ ಹೆಸರು, ಬರೆದ ಸ್ಥಳ, ಹಿಂದಿನ ಒಡೆಯನ ಗುರುತುಗಳನ್ನು ಪಟ್ಟಿ ಮಾಡುವುದು. ಅದು ಮುಗಿಯುವತನಕ 'ದಕ್ಷಿಣದಿಂದ ತಂದವು' ಎಂಬ ಮಾತನ್ನು ಉತ್ತರವೆಂದು ತಿಳಿಯದೆ ಪ್ರಶ್ನೆಯೆಂದೇ ಓದಬೇಕು.