ಮರಳನ್ನು ಮಣ್ಣಾಗಿಸಿದವರು

ಶಿವರಾಮ ಕಾರಂತರ ‘ಮರಳಿ ಮಣ್ಣಿಗೆ’ ಕಾದಂಬರಿಯನ್ನು ಓದಿದವರು ಅದರ ಕಥೆಯನ್ನು ಬಹುಪಾಲು ಹೀಗೆ ಹೇಳುತ್ತಾರೆ: ಮೊದಲ ತಲೆಮಾರು ಮಣ್ಣಿಗೆ ಅಂಟಿಕೊಂಡು ಬದುಕಿತು, ಎರಡನೆಯದು ಇಂಗ್ಲಿಷ್ ಕಲಿಯಲು ಹೋಗಿ ಹಾಳಾಯಿತು, ಮೂರನೆಯದು ಲೋಕ ಸುತ್ತಿ ಬಂದು ಮತ್ತೆ ನೇಗಿಲು ಹಿಡಿಯಿತು. ರಾಮ ಐತಾಳ, ಅವರ ಮಗ ಲಚ್ಚ, ಮೊಮ್ಮಗ ರಾಮ. ಈ ಸಾರಾಂಶ ತಪ್ಪೇನಲ್ಲ. ಪರೀಕ್ಷೆಯಲ್ಲಿ ಬರೆದರೆ ಅಂಕವೂ ಸಿಕ್ಕೀತು. ಆದರೆ ಇದರಲ್ಲಿ ಎರಡು ಸಂಗತಿಗಳು ಬಿಟ್ಟುಹೋಗಿವೆ. ಒಂದು, ಈ ಕಥೆ ನಡೆಯುವ ಜಾಗ. ಇನ್ನೊಂದು, ಹೆಂಗಸರು. ಇವೆರಡನ್ನೂ ಜೊತೆಗಿಟ್ಟು ನೋಡಿದರೆ ಶೀರ್ಷಿಕೆಯ ಅರ್ಥವೇ ಸ್ವಲ್ಪ ಬದಲಾಗುತ್ತದೆ ಎಂದು ನನಗೆ ಅನ್ನಿಸುತ್ತದೆ.

ಮೊದಲು ಜಾಗದ ಮಾತು. ಕಾದಂಬರಿಯ ಊರು ಕೋಡಿ. ಕಾರಂತರು 1902ರಲ್ಲಿ ಹುಟ್ಟಿದ ಕೋಟದ ಮಗ್ಗುಲಲ್ಲೇ ಇರುವ ಕಡಲತಡಿಯ ಹಳ್ಳಿ. ಪಡುವಲಿಗೆ ಕಡಲು, ಮೂಡಲಿಗೆ ಹೊಳೆ, ನಡುವೆ ಉದ್ದಕ್ಕೆ ಚಾಚಿದ ಮರಳಿನ ಪಟ್ಟಿ. ಕೋಡಿ ಎಂದರೆ ತುದಿ. ಹೆಸರೇ ಹೇಳುವಂತೆ ಅದು ನೆಲದ ಕೊನೆ. ಕರಾವಳಿಯ ರೈತರು ಗದ್ದೆಗಳನ್ನು ಬೈಲು, ಮಜಲು, ಬೆಟ್ಟು ಎಂದು ನೀರಿನ ಆಸರೆಗೆ ತಕ್ಕಂತೆ ವಿಂಗಡಿಸುತ್ತಾರೆ. ಕೋಡಿಯಂಥ ಕಡೆ ಆ ವಿಂಗಡಣೆಗೂ ಮೊದಲಿನ ಪ್ರಶ್ನೆಯೊಂದಿದೆ. ಇಲ್ಲಿ ಮಣ್ಣು ಎನ್ನುವುದು ಎಷ್ಟಿದೆ? ಮಳೆಗಾಲದಲ್ಲಿ ಹೊಳೆ ಏರುತ್ತದೆ, ಬೇಸಿಗೆಯಲ್ಲಿ ಉಪ್ಪುನೀರು ಒಳಗೆ ಬರುತ್ತದೆ, ಹಾಕಿದ ಗೊಬ್ಬರ ಮರಳಿನಲ್ಲಿ ಇಳಿದುಹೋಗುತ್ತದೆ.

ಪರ್ಲ್ ಬಕ್ ಅವರ ‘ದಿ ಗುಡ್ ಅರ್ತ್’ (1931) ಕಾದಂಬರಿಯ ಪಕ್ಕದಲ್ಲಿ ‘ಮರಳಿ ಮಣ್ಣಿಗೆ’ಯನ್ನು ಇಟ್ಟು ನೋಡುವ ರೂಢಿ ನಮ್ಮಲ್ಲಿದೆ. ಎರಡರಲ್ಲೂ ತಲೆಮಾರುಗಳಿವೆ, ನೆಲದ ಮೋಹವಿದೆ. ಆದರೆ ವಾಂಗ್ ಲುಂಗನ ನೆಲ ಮೊದಲೇ ಅಲ್ಲಿದೆ. ಬರ ಬಂದಾಗ ಅದನ್ನು ಬಿಟ್ಟು ಹೋಗಬಹುದು, ಹಿಂತಿರುಗಿದಾಗ ಅದು ಅಲ್ಲೇ ಬಿದ್ದಿರುತ್ತದೆ. ಕೋಡಿಯ ನೆಲ ಹಾಗೆ ಕಾಯುವುದಿಲ್ಲ. ಹಟ್ಟಿಯ ಗೊಬ್ಬರ, ತರಗೆಲೆ, ಬೂದಿ ಎಂದು ವರ್ಷ ವರ್ಷವೂ ಹೊತ್ತು ಹಾಕಿದರೆ ಮಾತ್ರ ಅದು ಗದ್ದೆ. ನಾಲ್ಕು ವರ್ಷ ಕೈಬಿಟ್ಟರೆ ಮತ್ತೆ ಮರಳು. ಶೀರ್ಷಿಕೆಯ ‘ಮರಳಿ’ ಎಂಬ ಪದದೊಳಗೆ ‘ಮರಳು’ ಕೂಡ ಇರುವುದು ಆಕಸ್ಮಿಕವಾಗಿರಬಹುದು. ಆ ಸೀಮೆಯ ಆಡುಮಾತಿನಲ್ಲಿ ಮರಳಿಗೆ ಹೊಯ್ಗೆ ಎನ್ನುತ್ತಾರೆ, ಹಾಗಾಗಿ ಶ್ಲೇಷೆಯನ್ನು ಕಾರಂತರ ತಲೆಗೆ ಕಟ್ಟುವುದು ಬೇಡ. ಆದರೆ ಕಾದಂಬರಿಯ ಒಳಗಿನ ದುಡಿಮೆ ಇದೇ: ಹೊಯ್ಗೆಯನ್ನು ಮಣ್ಣಾಗಿಸುವುದು.

ಆ ದುಡಿಮೆ ಯಾರದು? ರಾಮ ಐತಾಳರದ್ದಲ್ಲ. ಅವರು ಪುರೋಹಿತರು. ಮದುವೆ, ಮುಂಜಿ, ಬೊಜ್ಜವೆಂದು ಊರೂರು ತಿರುಗಿ ದಕ್ಷಿಣೆ ತರುತ್ತಾರೆ, ಅದನ್ನು ಜೋಪಾನವಾಗಿ ಕೂಡಿಡುತ್ತಾರೆ. ಗದ್ದೆ, ಹಟ್ಟಿ, ಕಟ್ಟಿಗೆ, ತೆಂಗಿನ ಬುಡ ನೋಡಿಕೊಳ್ಳುವವರು ಮಕ್ಕಳಿಲ್ಲದ ಹೆಂಡತಿ ಪಾರೋತಿ ಮತ್ತು ವಿಧವೆ ತಂಗಿ ಸರಸೋತಿ. ಮಳೆಗಾಲದ ನೆರೆಗೆ ತೇಲಿ ಬರುವ ಮರಮಟ್ಟನ್ನು ಈ ಇಬ್ಬರೂ ನೀರಿಗಿಳಿದು ಎಳೆದು ತರುವ ಭಾಗ ನೆನಪಿಸಿಕೊಳ್ಳಿ. ಕಾರಂತರು ಅದನ್ನು ಸಾಹಸವೆಂದೂ ಬಣ್ಣಿಸುವುದಿಲ್ಲ, ಗೋಳೆಂದೂ ಅಳುವುದಿಲ್ಲ. ವರ್ಷದ ಒಲೆಗೆ ಕಟ್ಟಿಗೆ ಬೇಕು, ಹೊಳೆ ತಂದಿದೆ, ಹೋಗಿ ಹಿಡಿಯಬೇಕು, ಅಷ್ಟೆ. ಇದೇ ಹೊತ್ತಿಗೆ ಐತಾಳರು ಎರಡನೆಯ ಮದುವೆ ಮಾಡಿಕೊಂಡು ಸತ್ಯಭಾಮೆಯನ್ನು ಮನೆಗೆ ತರುತ್ತಾರೆ. ಮನೆಗೆ ಬೇಕಾದದ್ದು ಮಗ. ಮನೆ ನಿಂತಿರುವುದು ಮಗನನ್ನು ಕೊಡದವಳ ರಟ್ಟೆಯ ಮೇಲೆ. ಈ ವ್ಯಂಗ್ಯವನ್ನು ಲೇಖಕರು ಬಾಯಿಬಿಟ್ಟು ಹೇಳುವುದಿಲ್ಲ.

ಇಲ್ಲಿ ಕನ್ನಡ ವ್ಯಾಕರಣದ ಒಂದು ಸಣ್ಣ ವಿಷಯ ಗಮನಿಸಬೇಕು. ನಿರೂಪಣೆಯಲ್ಲಿ ಐತಾಳರು ‘ಬರುತ್ತಾರೆ’, ಮಯ್ಯರು ‘ಹೋಗುತ್ತಾರೆ’. ಪಾರೋತಿ ಬರುತ್ತಾಳೆ. ಮನೆಯ ಕೆಲಸಕ್ಕೆ ಒದಗುವ ಸೂರ ಬರುತ್ತಾನೆ, ಅವನ ಹೆಂಡತಿ ಬಚ್ಚಿ ಬರುತ್ತಾಳೆ. ಹಳ್ಳಿಯ ಮರ್ಯಾದೆಯ ನಕ್ಷೆ ಕ್ರಿಯಾಪದದ ತುದಿಯಲ್ಲಿದೆ. ಜಾತಿಯಲ್ಲಿ, ಅಂತಸ್ತಿನಲ್ಲಿ ಪಾರೋತಿಗೂ ಸೂರನಿಗೂ ಎಷ್ಟೋ ದೂರ. ಆದರೆ ವಾಕ್ಯದಲ್ಲಿ ಇಬ್ಬರೂ ಏಕವಚನ. ಮಣ್ಣು ಮುಟ್ಟುವವರಿಗೆಲ್ಲ ಏಕವಚನ, ಮಣ್ಣಿನ ಪತ್ರ ಇಟ್ಟುಕೊಂಡವರಿಗೆ ಬಹುವಚನ. ಇದು ಆ ಕಾಲದ ರೂಢಿ, ಕಾರಂತರ ದೋಷವಲ್ಲ. ಆದರೂ ಮಣ್ಣಿನ ಕುರಿತ ಕಾದಂಬರಿಯಲ್ಲಿ ಈ ರೂಢಿಯೇ ಒಂದು ಸಾಕ್ಷ್ಯವಾಗುತ್ತದೆ.

ಇನ್ನು, ಕೋಡಿ ಲೋಕದಿಂದ ದೂರ ಉಳಿದ ಹಳ್ಳಿ ಎಂಬ ಭ್ರಮೆಯನ್ನೂ ಈ ಕಾದಂಬರಿ ಇಟ್ಟುಕೊಂಡಿಲ್ಲ. ಮಯ್ಯರ ಮನೆಯವರು ಬೆಂಗಳೂರಿನಲ್ಲಿ ಹೋಟೆಲು ತೆರೆಯುತ್ತಾರೆ. ಹೋಟೆಲಿನ ದುಡ್ಡು ಊರಿಗೆ ಬಂದು ಮನೆಯ ಮಾಡಿನ ಮೇಲೆ ಹಂಚಾಗಿ ಕೂರುತ್ತದೆ. ಬಾಸೆಲ್ ಮಿಷನ್ 1865ರಲ್ಲಿ ಮಂಗಳೂರಿನಲ್ಲಿ ಹಂಚಿನ ಕಾರ್ಖಾನೆ ತೆರೆದ ಮೇಲೆ ಕರಾವಳಿಯ ಹುಲ್ಲಿನ, ಮಡಲಿನ ಮಾಡುಗಳು ಒಂದೊಂದಾಗಿ ಕೆಂಪಾದವು. ಹಂಚು ಬರೀ ಮಳೆ ತಡೆಯುವ ಸಾಮಾನಾಗಿರಲಿಲ್ಲ, ಅದು ನೆರೆಮನೆಯವರ ಕಣ್ಣಿಗೆ ಬೀಳುವ ಲೆಕ್ಕಪತ್ರ. ಐತಾಳರಿಗೂ ಹೊಟ್ಟೆಕಿಚ್ಚು ಹತ್ತುತ್ತದೆ. ಉಡುಪಿ ಹೋಟೆಲುಗಳ ಚರಿತ್ರೆಯನ್ನು ನಾವು ದೋಸೆ, ಕಾಫಿಯ ಕಡೆಯಿಂದ ಬರೆಯುತ್ತೇವೆ. ಕಾರಂತರು ಅದನ್ನು ಮಾಡಿನ ಕಡೆಯಿಂದ, ಅಸೂಯೆಯ ಕಡೆಯಿಂದ ಬರೆದಿದ್ದಾರೆ.

ಲಚ್ಚನ ಕಥೆಯನ್ನು ಬಹಳ ಹೇಳಬೇಕಿಲ್ಲ. ಓದು, ಶೋಕಿ, ಜೂಜು, ರೋಗ, ಸಾಲ. ಅವನು ಕರಗಿಸಿದ್ದು ಬರೀ ಅಪ್ಪನ ಆಸ್ತಿಯಲ್ಲ. ಪಾರೋತಿ, ಸರಸೋತಿಯರು ತಲೆಹೊರೆಯಲ್ಲಿ ಹೊತ್ತು ಹಾಕಿದ ಗೊಬ್ಬರವನ್ನೂ ಅವನು ಜೂಜಾಡಿದ. ಅವನ ಹೆಂಡತಿ ನಾಗವೇಣಿ ಮಗನನ್ನು ಕಟ್ಟಿಕೊಂಡು ಬೇಸಾಯಕ್ಕೆ ನಿಲ್ಲುವುದೇ ನನ್ನ ಓದಿನಲ್ಲಿ ಈ ಕಾದಂಬರಿಯ ನಿಜವಾದ ‘ಮರಳುವಿಕೆ’. ಅದಕ್ಕೆ ಆದರ್ಶದ ಹೆಸರಿಲ್ಲ, ಭಾಷಣವಿಲ್ಲ. ಮಗು ಉಣ್ಣಬೇಕು. ರಾಮ ಮದ್ರಾಸಿನ ಓದು, ಚಳವಳಿ, ಮುಂಬಯಿಯ ಅಲೆದಾಟ ಮುಗಿಸಿ ಬರುವಾಗ ಅವನಿಗೆ ಮರಳಲು ಒಂದು ಮಣ್ಣು ಉಳಿದಿದೆಯಾದರೆ, ಅದು ಅಮ್ಮ ಮತ್ತು ಸೂರನಂಥವರು ಆ ವರ್ಷಗಳಲ್ಲಿ ಅದನ್ನು ಹೊಯ್ಗೆಯಾಗಲು ಬಿಡದೆ ಇದ್ದದ್ದರಿಂದ.

ಇಲ್ಲೇ ನನ್ನ ತಕರಾರೂ ಇದೆ. ಮುಕ್ಕಾಲು ಪಾಲು ಪುಟಗಳಲ್ಲಿ ಹೆಂಗಸರ ಕೈಯಲ್ಲಿದ್ದ ಕಥೆ ಕೊನೆಯ ಪಾಲಿನಲ್ಲಿ ರಾಮನ ಒಳತೋಟಿಗೆ ಹೊರಳುತ್ತದೆ. ಅವನ ಸಂಗೀತ, ಅವನ ಕಡಲು, ಅವನ ನಿರ್ಧಾರ. ಆ ಪುಟಗಳು ಸುಂದರವಾಗಿವೆ. ಆದರೆ ‘ಮರಳುವುದು’ ಒಂದು ತತ್ವವಾಗಿ ಕಾಣುವುದು ಹೋಗಿ ಬಂದವನಿಗೆ ಮಾತ್ರ. ಎಲ್ಲಿಗೂ ಹೋಗದ ಪಾರೋತಿಗೆ ಮರಳುವ ಪ್ರಶ್ನೆಯೇ ಇರಲಿಲ್ಲ. ಸೂರನಿಗಂತೂ ಹೋಗಲು ಬೆಂಗಳೂರಿನ ಹೋಟೆಲೂ ಇರಲಿಲ್ಲ, ಮರಳಲು ತನ್ನದೆನ್ನುವ ಗದ್ದೆಯೂ ಇರಲಿಲ್ಲ. ಉಳುವವನೇ ಒಡೆಯ ಎಂಬ ಮಾತಿಗೆ ಕರ್ನಾಟಕದಲ್ಲಿ ಕಾನೂನಿನ ಬಲ ಬಂದದ್ದು 1974ರಲ್ಲಿ, ಕಾದಂಬರಿ ಬಂದು ಮೂವತ್ತು ವರ್ಷ ಕಳೆದ ಮೇಲೆ. ಇನ್ನು ಕಡಲಿಗಿಳಿದು ಬದುಕುವ ಮೊಗವೀರರು? ಕೋಡಿಯ ಕಡಲು ಈ ಕಾದಂಬರಿಯಲ್ಲಿ ಸದಾ ಮೊರೆಯುತ್ತದೆ, ಆದರೆ ಅದನ್ನು ನೋಡುವ ಕಣ್ಣು ಬಹುತೇಕ ಐತಾಳರ ಅಂಗಳದಲ್ಲಿದೆ. ಮೂರು ತಲೆಮಾರಿನ ಚರಿತ್ರೆ ಒಂದು ಮನೆಗೆ ಸಿಕ್ಕಿದೆ, ಬಲೆ ಎಳೆಯುವವರ ಮನೆಗೆ ಸಿಕ್ಕಿಲ್ಲ.

ಹೀಗೆಂದ ಮಾತ್ರಕ್ಕೆ ಕಾದಂಬರಿ ಸಣ್ಣದಾಗುವುದಿಲ್ಲ. ಈ ಪ್ರಶ್ನೆಗಳನ್ನು ಕೇಳಲು ಬೇಕಾದ ಪುರಾವೆಗಳನ್ನೆಲ್ಲ ಕಾರಂತರೇ ಒದಗಿಸಿದ್ದಾರೆ. ಕೆಲಸದ ವಿವರವನ್ನು ಅಷ್ಟು ನಿಷ್ಠೆಯಿಂದ ಬರೆಯದೆ ಹೋಗಿದ್ದರೆ ಪಾರೋತಿ, ಸರಸೋತಿಯರ ಪಾಲು ಎಷ್ಟೆಂದು ನಮಗೆ ಅಳೆಯಲೂ ಆಗುತ್ತಿರಲಿಲ್ಲ.

ಇವತ್ತು ನಗರದ ಕೆಲಸ ಬಿಟ್ಟು ಊರಿಗೆ ಹೋಗುವ ಮಾತು ಮತ್ತೆ ಕೇಳಿಬರುತ್ತಿದೆ. ಹಾಗೆ ಹೋಗುವವರಿಗೆ ಈ ಪುಸ್ತಕವನ್ನು ಕೊಡುವವರೂ ಇದ್ದಾರೆ. ಕೊಡಲಿ, ಒಳ್ಳೆಯದೇ. ಕೊಡುವಾಗ ಕೊನೆಯ ಅಧ್ಯಾಯಗಳ ಜೊತೆಗೆ ಮೊದಲ ಅಧ್ಯಾಯಗಳನ್ನೂ ನಿಧಾನಕ್ಕೆ ಓದಲು ಹೇಳಬೇಕು. ನೆರೆಯ ನೀರಿನಲ್ಲಿ ಸೊಂಟದವರೆಗೆ ನಿಂತು ಕಟ್ಟಿಗೆ ಹಿಡಿಯುವ ಇಬ್ಬರು ಹೆಂಗಸರು ಅಲ್ಲಿದ್ದಾರೆ. ಅವರನ್ನು ದಾಟಿಕೊಂಡೇ ಮಣ್ಣಿಗೆ ಹೋಗಬೇಕು.