ತುಳುನಾಡಿನ ಇತಿಹಾಸ ಗ್ರಂಥಗಳು ಮತ್ತು ಸತ್ಯಾಣುವ್ರತ

ಮಂಗಳೂರು ಮತ್ತು ಅದರ ಸುತ್ತಣ ತುಳುನಾಡನ್ನು ಕುರಿತ ಇತಿಹಾಸ ಗ್ರಂಥಗಳಲ್ಲಿ ಜೈನರ ಪ್ರಸ್ತಾಪವಿಲ್ಲದವು ಅಪರೂಪ. ಚೌಟರು, ಬಂಗರು, ಅಜಿಲರು, ಭೈರರಸರು ಆಳಿದ ನಾಡು ಅದು. ಮೂಡುಬಿದಿರೆಯ ಬಸದಿಗಳೂ ಕಾರ್ಕಳ, ವೇಣೂರುಗಳ ಗೊಮ್ಮಟ ಮೂರ್ತಿಗಳೂ ನಿಂತ ನೆಲ. ಉದ್ಯೋಗ, ವ್ಯಾಪಾರಗಳ ನಿಮಿತ್ತ ಬೆಂಗಳೂರಿನ ಜಯನಗರ, ಬನಶಂಕರಿ, ಜೆ.ಪಿ. ನಗರಗಳಲ್ಲಿ ನೆಲೆಸಿದ ಕರಾವಳಿ ಮೂಲದ ಜೈನ ಕುಟುಂಬಗಳ ಹೊಸ ತಲೆಮಾರಿಗೆ ಆ ನಾಡಿನ ಪರಿಚಯವಾಗುವುದು ಬೇಸಿಗೆಯ ರಜೆಯಲ್ಲಿ, ಇಲ್ಲವೆ ಮಸ್ತಕಾಭಿಷೇಕದ ದಿನಗಳಲ್ಲಿ. ಮಿಕ್ಕುದನ್ನು ಪುಸ್ತಕಗಳೇ ತಿಳಿಸಬೇಕು. ಆದುದರಿಂದ ಈ ಪುಸ್ತಕಗಳು ಏನನ್ನು ಹೇಳಿವೆ, ಏನನ್ನು ಬಿಟ್ಟಿವೆ ಎಂಬುದನ್ನು ಪರಿಶೀಲಿಸುವುದು ಉಚಿತವಾಗಿದೆ.

ಈ ಪರಿಶೀಲನೆಗೆ ಬೇಕಾದ ಅಳತೆಗೋಲು ಶ್ರಾವಕಾಚಾರದಲ್ಲಿಯೇ ಇದೆ. ತತ್ತ್ವಾರ್ಥಸೂತ್ರವು ಸತ್ಯಾಣುವ್ರತಕ್ಕೆ ಹೇಳಿರುವ ಐದು ಅತಿಚಾರಗಳಲ್ಲಿ ಕೂಟಲೇಖಕ್ರಿಯೆ ಒಂದು, ನ್ಯಾಸಾಪಹಾರ ಇನ್ನೊಂದು. ಇಲ್ಲದುದನ್ನು ಉಂಟೆಂದು ಬರೆಯುವುದು ಮೊದಲನೆಯದು. ಒತ್ತೆಯಿಟ್ಟವನು ಮರೆತು ಕಡಿಮೆ ಕೇಳಿದರೆ, ನಿಜವನ್ನು ಬಲ್ಲವನು ಸುಮ್ಮನಿದ್ದು ಅಷ್ಟನ್ನೇ ಹಿಂದಿರುಗಿಸುವುದು ಎರಡನೆಯದು. ಇತಿಹಾಸವೆಂಬುದು ಹಿಂದಿನವರು ಮುಂದಿನವರಿಗಾಗಿ ಇರಿಸಿಹೋದ ನ್ಯಾಸ. ಅದರ ವಿಷಯದಲ್ಲಿ ಸುಳ್ಳಿನಷ್ಟೇ ಮೌನವೂ ದೋಷವೆನಿಸುತ್ತದೆ.

ಕಾಲದ ದೃಷ್ಟಿಯಿಂದ ಮೊದಲು ನೋಡಬೇಕಾದುದು ಇಟಲಿಯ ಪ್ರವಾಸಿ ಪಿಯೆತ್ರೊ ಡೆಲ್ಲಾ ವಾಲೆಯ ಪತ್ರಗಳನ್ನು. ಆತ 1623ರಲ್ಲಿ ಮಂಗಳೂರಿಗೆ ಬಂದು ಉಳ್ಳಾಲದ ರಾಣಿಯನ್ನು ಕಂಡನು. ಗದ್ದೆಗಳಿಗೆ ನೀರೊಯ್ಯಲು ತೋಡಿಸುತ್ತಿದ್ದ ಕಾಲುವೆಗಳನ್ನು ನೋಡಲು ಆಕೆ ಬರಿಗಾಲಿನಲ್ಲಿ, ಸಾಧಾರಣ ಹತ್ತಿಬಟ್ಟೆಯನ್ನುಟ್ಟು ನಡೆದು ಬಂದಿದ್ದಳು. ಪ್ರವಾಸಿಯ ಕಣ್ಣಿಗೆ ಆಕೆ ಅಡುಗೆಯಾಳಿನಂತೆ ತೋರಿದಳು. ಮಾತನ್ನು ಕೇಳಿದ ಮೇಲೆ ಆಕೆಯ ಘನತೆ ಅರಿವಾಯಿತು. ಯುರೋಪಿನ ಆಸ್ಥಾನಗಳ ವೈಭವದಿಂದ ಎಲ್ಲವನ್ನೂ ಅಳೆಯುವ ಕೊರತೆ ಈ ಬರಹದಲ್ಲಿದೆ. ಆದರೂ ಕಂಡುದನ್ನು ಮರೆಮಾಚದ ಕಾರಣ ಒಂದು ಅಮೂಲ್ಯ ಚಿತ್ರ ಉಳಿದುಕೊಂಡಿತು. ಇಂದು ಅಬ್ಬಕ್ಕನ ಹೆಸರು ಕೇಳಿದೊಡನೆ ಮನಸ್ಸಿಗೆ ಬರುವುದು ಪೋರ್ಚುಗೀಸರನ್ನು ಎದುರಿಸಿದ ಖಡ್ಗಧಾರಿಣಿಯ ರೂಪ. 2012ರಲ್ಲಿ ಭಾರತೀಯ ಕರಾವಳಿ ರಕ್ಷಣಾ ಪಡೆಯ ನೌಕೆಯೊಂದು ಆ ಹೆಸರನ್ನು ಪಡೆದುದು ಯೋಗ್ಯವೇ ಸರಿ. ಆದರೆ ಆ ಹೆಸರಿನ ರಾಣಿಯರು ಒಬ್ಬರಿಗಿಂತ ಹೆಚ್ಚು ಮಂದಿ ಆಳಿದರೆಂಬ ವಿದ್ವಾಂಸರ ಅಭಿಪ್ರಾಯವೂ, ಕಾಲುವೆಯ ದಡದಲ್ಲಿ ನಿಂತ ರಾಣಿಯ ನೆನಪೂ ಉತ್ಸವದ ಭಾಷಣಗಳಲ್ಲಿ ಕೇಳಿಬರುವುದು ಕಡಿಮೆ.

ಟಿಪ್ಪುವಿನ ಪತನದ ತರುವಾಯ ಈಸ್ಟ್ ಇಂಡಿಯಾ ಕಂಪೆನಿ ಕಳುಹಿಸಿದ ಫ್ರಾನ್ಸಿಸ್ ಬುಕಾನನ್ 1801ರ ಆರಂಭದಲ್ಲಿ ಈ ನಾಡನ್ನು ಸುತ್ತಿದನು; ಆತನ ಗ್ರಂಥ 1807ರಲ್ಲಿ ಪ್ರಕಟವಾಯಿತು. ಆತನಿಗೆ ಬೇಕಾಗಿದ್ದುದು ನೆಲದ ಹುಟ್ಟುವಳಿಯ ಲೆಕ್ಕ. ತಗ್ಗಿನ ಬೈಲು, ನಡುವಣ ಮಜಲು, ಮಳೆಯನ್ನೇ ನಂಬಿದ ಮೇಲಣ ಬೆಟ್ಟು ಎಂಬ ಗದ್ದೆಗಳ ವಿಂಗಡಣೆ, ಬಿತ್ತಿದ ಬೀಜ, ಬಂದ ಫಸಲು, ಸಲ್ಲುವ ಗೇಣಿ, ಎಲ್ಲವನ್ನೂ ವಿಚಾರಿಸಿ ಬರೆದನು. ಜೈನರು ತಮ್ಮ ಮತದ ವಿಷಯವಾಗಿ ಹೇಳಿದುದನ್ನು ಕೇಳಿ ದಾಖಲಿಸಿದುದೂ ಗಮನಾರ್ಹ. ಅದೇ ಗ್ರಂಥದಲ್ಲಿ, ಭೂಒಡೆಯರ ಸೊತ್ತೆನಿಸಿಕೊಂಡಿದ್ದ ಗುಲಾಮ ಆಳುಗಳೂ ಅವರಿಗೆ ಅಳೆದು ಕೊಡುತ್ತಿದ್ದ ಧಾನ್ಯವೂ ಬರುತ್ತವೆ. ಬಸದಿಗಳ ವರ್ಣನೆಯನ್ನು ಉದ್ಧರಿಸುವವರು ಈ ಪುಟಗಳನ್ನು ದಾಟಿ ಹೋಗುತ್ತಾರೆ. ಪರಿಗ್ರಹ ಪರಿಮಾಣ ವ್ರತವನ್ನು ಹೇಳುವಾಗ ತತ್ತ್ವಾರ್ಥಸೂತ್ರವು ಕ್ಷೇತ್ರ, ವಾಸ್ತು, ಧನ, ಧಾನ್ಯಗಳ ಸಾಲಿನಲ್ಲಿಯೇ ದಾಸೀದಾಸರನ್ನೂ ಹೆಸರಿಸುತ್ತದೆ. ಭೂಮಿಯನ್ನು ಹೊಂದಿದ್ದ ಯಾವ ಸಮುದಾಯವೂ ಈ ಮಾತು ತನಗೆ ಸಂಬಂಧಿಸಿದುದಲ್ಲವೆನ್ನುವಂತಿಲ್ಲ.

ವಾಸ್ತುವಿನ ಕಡೆಗೆ ಬಂದರೆ, ಜೇಮ್ಸ್ ಫರ್ಗುಸನ್ 1876ರ ತನ್ನ ಗ್ರಂಥದಲ್ಲಿ ಮೂಡುಬಿದಿರೆಯ ಬಸದಿಗಳ ಇಳಿಜಾರು ಮಾಡುಗಳಿಗೆ ದೂರದ ನೇಪಾಳದಲ್ಲಿ ಹೋಲಿಕೆಯನ್ನು ಕಂಡನು. ಹೋಲಿಕೆ ಕಣ್ಣಿಗೆ ನಿಜ. ಕಾರಣ ಮಾತ್ರ ಹತ್ತಿರದಲ್ಲಿಯೇ ಇದೆ. ವರ್ಷಕ್ಕೆ 3,500 ಮಿಲಿಮೀಟರಿಗೂ ಮಿಕ್ಕು ಮಳೆ ಸುರಿಯುವ ನಾಡಿನಲ್ಲಿ ಬಡಗಿಯು ಮನೆಗೆ ಕಟ್ಟಿದ ಮಾಡನ್ನೇ ಶಿಲ್ಪಿಯು ಬಸದಿಗೂ ಒಪ್ಪಿಸಿದನು. 1430ರ ಸಾವಿರ ಕಂಬದ ಬಸದಿಯನ್ನು ಆಷಾಢದ ಮಳೆಯಲ್ಲಿ ನೋಡಿದವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ನೆಲವನ್ನು ಬಿಟ್ಟು ಕಟ್ಟಡವನ್ನು ನೋಡಿದರೆ ಒದಗುವ ದೃಷ್ಟಿದೋಷಕ್ಕೆ ಇದು ಒಳ್ಳೆಯ ನಿದರ್ಶನ.

ನಮ್ಮವರ ಗ್ರಂಥಗಳಲ್ಲಿ ಮೊದಲು ನೆನೆಯಬೇಕಾದುದು ಎಂ. ಗಣಪತಿರಾವ್ ಐಗಳರು 1923ರಲ್ಲಿ ಕನ್ನಡದಲ್ಲಿ ಬರೆದ ದಕ್ಷಿಣ ಕನ್ನಡ ಜಿಲ್ಲೆಯ ಪ್ರಾಚೀನ ಇತಿಹಾಸ. ಊರವರ ನಾಲಗೆಯಲ್ಲಿದ್ದ ಐತಿಹ್ಯಗಳಿಗೆ ಅವರು ಅಲ್ಲಿ ಸ್ಥಾನ ಕೊಟ್ಟರು. 1936ರಲ್ಲಿ ಬಿ.ಎ. ಸಾಲೆತೊರೆಯವರು ತುಳುವ ಇತಿಹಾಸವನ್ನು ಇಂಗ್ಲಿಷಿನಲ್ಲಿ ವಿಸ್ತಾರವಾಗಿ ರಚಿಸಿದರು. ಈ ಇಬ್ಬರಲ್ಲಿಯೂ ಶಾಸನ ಮತ್ತು ಐತಿಹ್ಯಗಳು ಹೆಣೆದುಕೊಂಡಿರುವುದರಿಂದ ಓದುಗನು ಎರಡನ್ನೂ ಬೇರ್ಪಡಿಸಿಕೊಂಡು ನಡೆಯಬೇಕಾಗುತ್ತದೆ. 1970ರಲ್ಲಿ ಬಂದ ಕೆ.ವಿ. ರಮೇಶ್ ಅವರ ಗ್ರಂಥ ಈ ಗೊಂದಲವನ್ನು ಬಹುಮಟ್ಟಿಗೆ ನಿವಾರಿಸಿತು. ಶಾಸನವನ್ನೇ ಆಧಾರವಾಗಿಟ್ಟುಕೊಂಡು ಆಳುಪರ ಕಾಲಾನುಕ್ರಮಣಿಕೆಯನ್ನು ಅವರು ಕಟ್ಟಿದರು. ಆದರೆ ಅದು ವಿಜಯನಗರದ ಪತನದವರೆಗಿನ ಇತಿಹಾಸ. ಕಾರ್ಕಳದ ಚತುರ್ಮುಖ ಬಸದಿ 1586ರದು, ವೇಣೂರಿನ ಗೊಮ್ಮಟ 1604ರದು. 1565ರ ತರುವಾಯದ ಜೈನ ಅರಸುಮನೆತನಗಳ ಕೊನೆಯ ಉಜ್ವಲ ಕಾಲಕ್ಕೂ ಅವನತಿಗೂ ಬೇರೆ ಗ್ರಂಥಗಳನ್ನು ಅರಸಬೇಕು. 1975ರಲ್ಲಿ ಪ್ರಕಟವಾದ ಪಿ. ಗುರುರಾಜ ಭಟ್ಟರ ಬೃಹತ್ಕೃತಿ ಊರೂರು ಅಲೆದು ದೇಗುಲ, ಬಸದಿ, ವಿಗ್ರಹಗಳನ್ನು ಕಣ್ಣಾರೆ ಕಂಡು ಬರೆದುದು. ಕ್ಷೇತ್ರಕಾರ್ಯದಲ್ಲಿ ಅದಕ್ಕೆ ಸಮನಾದ ಗ್ರಂಥ ದೊರೆಯುವುದು ಕಷ್ಟ.

ಇಷ್ಟಾದರೂ ಒಂದು ಕೊರತೆ ಉಳಿಯುತ್ತದೆ. ಬಸದಿಯನ್ನು ಹೇಳುವ ಗ್ರಂಥ ಬೈಲನ್ನು ಹೇಳುವುದಿಲ್ಲ. ಬೈಲನ್ನು ಹೇಳುವ ಗ್ರಂಥಕ್ಕೆ ಬಸದಿ ನೋಟದ ವಸ್ತು. ದಾನಶಾಸನ ಮಾತ್ರ ಎರಡನ್ನೂ ಒಂದೇ ಕಲ್ಲಿನಲ್ಲಿ ಕೂಡಿಸುತ್ತದೆ: ಇಂಥ ಗದ್ದೆಯ ಇಷ್ಟು ಅಕ್ಕಿ ಇಂಥ ಬಸದಿಯ ಪೂಜೆಗೆ, ಆಹಾರದಾನಕ್ಕೆ. ಅಲ್ಲಿಯೂ ದಾನಿಯ ಹೆಸರು ಉಂಟು, ಉತ್ತವನ ಹೆಸರು ವಿರಳ. 1974ರ ಮಾರ್ಚ್ 1ರಿಂದ ಜಾರಿಗೆ ಬಂದ ಭೂಸುಧಾರಣಾ ತಿದ್ದುಪಡಿಯ ಮೂಲಕ ಗೇಣಿಯ ಭೂಮಿಗಳು ಉಳುವವರ ಕೈಸೇರಿದಾಗ ಬಸದಿಗಳ ಆದಾಯವೂ ಕುಗ್ಗಿತು. ಜೈನ ಮನೆಗಳಲ್ಲಿ ಇದನ್ನು ನಷ್ಟವೆಂದು ನೆನೆಯುವುದುಂಟು. ನಷ್ಟ ನಿಜ, ತಲೆಮಾರುಗಳಿಂದ ಉತ್ತವನಿಗೆ ನೆಲ ದೊರೆತುದೂ ಅಷ್ಟೇ ನಿಜ. ಒಂದು ನಯವನ್ನು ಹಿಡಿದು ಇನ್ನೊಂದನ್ನು ಅಲ್ಲಗಳೆದರೆ ಅದು ದುರ್ನಯವೆಂದು ನಮ್ಮ ಆಚಾರ್ಯರೇ ಎಚ್ಚರಿಸಿದ್ದಾರೆ. ಈ ಎರಡನ್ನೂ ಒಟ್ಟಿಗೆ ತೂಗುವ, ಬಸದಿಯನ್ನೂ ಅದನ್ನು ಸಾಕಿದ ಗದ್ದೆಯನ್ನೂ ಜೊತೆಯಲ್ಲಿ ಹೇಳುವ ಗ್ರಂಥ ಇನ್ನೂ ಬರಬೇಕಾಗಿದೆ.

ಅಂಥ ಗ್ರಂಥಕ್ಕೆ ಬೇಕಾದ ಸಾಮಗ್ರಿಯ ಬಹುಭಾಗ ಬಸದಿಗಳ ಮತ್ತು ಮನೆಗಳ ವಶದಲ್ಲಿದೆ. ಮೂಡುಬಿದಿರೆಯ ಗುರುಬಸದಿ ಧವಲಾದಿ ಸಿದ್ಧಾಂತಗ್ರಂಥಗಳ ತಾಳೆಗರಿಗಳನ್ನು ಶತಮಾನಗಳ ಕಾಲ ಕಾಯ್ದುದರಿಂದಲೇ 1939ರಿಂದ ಅವು ಮುದ್ರಣಗೊಂಡು ಲೋಕಕ್ಕೆ ದೊರೆತವು. ನ್ಯಾಸವನ್ನು ಕಾಯುವುದೆಂದರೆ ಇದು. ಜೀರ್ಣೋದ್ಧಾರದ ಹೆಸರಿನಲ್ಲಿ ಶಾಸನದ ಕಲ್ಲಿಗೆ ಬಣ್ಣ ಬಳಿಯುವುದು, ಅದನ್ನು ನೆಲಹಾಸಿನಲ್ಲಿ ಹುದುಗಿಸುವುದು, ಹಳೆಯ ಗೇಣಿಚೀಟಿಗಳನ್ನೂ ಕಡತಗಳನ್ನೂ ಕಸವೆಂದು ಸುಡುವುದು ಅದರ ಅಪಹಾರ. ದೂರದ ಬೆಂಗಳೂರಿನಿಂದ ಊರಿನ ಬಸದಿಗೆ ಧನಸಹಾಯ ಮಾಡುವ ಕುಟುಂಬಗಳೂ ಟ್ರಸ್ಟುಗಳೂ ಹಣದೊಡನೆ ಒಂದು ಷರತ್ತನ್ನೂ ಕಳುಹಿಸಬಹುದು: ಕೆಲಸ ತೊಡಗುವ ಮುನ್ನ ಅಲ್ಲಿರುವ ಪ್ರತಿಯೊಂದು ಬರಹದ ಛಾಯಾಚಿತ್ರವನ್ನೂ ಪಡಿಯಚ್ಚನ್ನೂ ತೆಗೆದಿರಿಸಬೇಕು, ಅದರಲ್ಲಿ ಕೀರ್ತಿಯ ಮಾತಿರಲಿ, ಸಾಲದ ಮಾತಿರಲಿ, ಒಂದಕ್ಷರವನ್ನೂ ಬಿಡಬಾರದು.